ಹೈಕೋರ್ಟ್ ಆದೇಶ ಬಂದು 15 ತಿಂಗಳು, ಕಚೇರಿಯಲ್ಲಿ ಫೈಲ್ ಅಲ್ಲೇ ಇದೆ. ಕಂಟೆಂಪ್ಟ್ ಹಾಕಬೇಕಾ?

ಜೇವರ್ಗಿ ಮಗಳು
ಎಲ್ಲರಿಗೂ ನಮಸ್ಕಾರ. ನಮ್ಮ ಅಪ್ಪ 1992ರಿಂದ ಒಂದು ಇಲಾಖೆಯಲ್ಲಿ ದಿನಗೂಲಿ ಪಂಪ್ ಆಪರೇಟರ್. ಇಲಾಖೆಯ ಹೆಸರು ಹಾಕುವುದಿಲ್ಲ, ಅಪ್ಪ ಇನ್ನೂ ಅಲ್ಲೇ ದುಡಿಯುತ್ತಿದ್ದಾರೆ. ಕಾಯಂ ಮಾಡಿ ಎಂದು ಎಷ್ಟು ಅರ್ಜಿ ಕೊಟ್ಟರೋ ಲೆಕ್ಕವಿಲ್ಲ. ಕೊನೆಗೆ ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ರಿಟ್ ಅರ್ಜಿ ಹಾಕಿದೆವು. ಹೋದ ವರ್ಷ ಏಪ್ರಿಲ್‌ನಲ್ಲಿ ಆದೇಶ ನಮ್ಮ ಕಡೆ ಆಯಿತು. ಆವತ್ತು ಅವ್ವ ಓಣಿಗೆಲ್ಲ ಪೇಡೆ ಹಂಚಿದಳು.

ಆದೇಶದಲ್ಲಿ ಮೂರು ತಿಂಗಳು ಎಂದಿದೆ. ಈಗ ಜುಲೈ, 15 ತಿಂಗಳಾಯಿತು. ಕಚೇರಿಗೆ ಹೋದರೆ "ಬೆಂಗಳೂರಿಗೆ ಕಳಿಸಿದ್ದೇವೆ" ಅನ್ನುತ್ತಾರೆ. ಬೆಂಗಳೂರಿಗೆ ಫೋನ್ ಮಾಡಿದರೆ "ಜಿಲ್ಲೆಯಿಂದ ವರದಿ ಬಂದಿಲ್ಲ" ಅನ್ನುತ್ತಾರೆ. ಮುಂದಿನ ಆಗಸ್ಟ್‌ಗೆ ಅಪ್ಪನಿಗೆ 60 ತುಂಬುತ್ತದೆ. ಆಮೇಲೆ ಆದೇಶ ಇಟ್ಟುಕೊಂಡು ಏನು ಮಾಡುವುದು?

ಕಂಟೆಂಪ್ಟ್, ಅಂದರೆ ಆದೇಶ ಪಾಲಿಸದವರ ಮೇಲೆ ನ್ಯಾಯಾಂಗ ನಿಂದನೆ ಕೇಸ್ ಹಾಕು ಎಂದು ಒಬ್ಬರು ಹೇಳುತ್ತಾರೆ. ಹಾಕಿದರೆ ಇರುವ ಕೂಲಿಯೂ ಹೋಗುತ್ತದೆ ಎಂದು ಇನ್ನೊಬ್ಬರು. ಯಾರಾದರೂ ಹಾಕಿದ್ದೀರಾ? ದಯವಿಟ್ಟು ಹೇಳಿ.

ಸೂಪರ್ ಮಾರ್ಕೆಟ್ ಶಿವು
ಹಾಕಿರಿ ಅಕ್ಕಾ. ಯೋಚನೆಯೇ ಬೇಡ. ಸಾಹೇಬರು ಕಟಕಟೆಯಲ್ಲಿ ನಿಂತರೆ ಒಂದೇ ದಿನದಲ್ಲಿ ಸಹಿ ಬೀಳುತ್ತದೆ.

ಆಳಂದ ಅಣ್ಣ
ಅಷ್ಟು ಸುಲಭ ಇಲ್ಲ ಶಿವು. ನಮ್ಮ ಮಾವ ಹಾಕಿದ್ದರು. ಮೂರನೇ ತಾರೀಖಿಗೆ ಕಚೇರಿಯವರು ಒಂದು ಹಿಂಬರಹ, ಅಂದರೆ ಲಿಖಿತ ಉತ್ತರ ತಂದರು. "ಅರ್ಜಿ ಪರಿಗಣಿಸಲಾಗಿದೆ, ತಿರಸ್ಕರಿಸಲಾಗಿದೆ." ಅಷ್ಟೇ. ಕಂಟೆಂಪ್ಟ್ ಮುಗಿಯಿತು. ಮಾವ ಮತ್ತೆ ಮೊದಲಿನಿಂದ ರಿಟ್ ಹಾಕಬೇಕಾಯಿತು.

ಶಹಾಪುರ ಟೀಚರ್
ನನ್ನದು ಬೇರೆ ಅನುಭವ. ನಾನು ಅನುದಾನಿತ ಶಾಲೆಯಲ್ಲಿದ್ದೆ. ಬಾಕಿ ಪಗಾರ ಆರು ವಾರದಲ್ಲಿ ಕೊಡಿ ಎಂದು ಹೈಕೋರ್ಟ್ ಹೇಳಿತ್ತು. ಒಂಬತ್ತು ತಿಂಗಳು ಕಾದೆ. ಎಷ್ಟು ಸಲ ಶಹಾಪುರದಿಂದ ಬಸ್ಸು ಹತ್ತಿ ಕಚೇರಿಗೆ ಹೋದೆ ಎಂದರೆ ಅಲ್ಲಿನ ಚಹಾದಂಗಡಿಯವನಿಗೆ ನನ್ನ ಕೇಸ್ ಬಾಯಿಪಾಠ ಆಗಿತ್ತು. ಕಂಟೆಂಪ್ಟ್ ಹಾಕಿದ ಮೇಲೆ ಎರಡನೇ ತಾರೀಖಿಗೇ ಬಿಲ್ಲು ಖಜಾನೆಗೆ ಹೋಯಿತು. ರೊಕ್ಕ ಬಂತು. ಹಾಗಾಗಿ ಹೆದರಿಸಬೇಡಿ ಆ ಹುಡುಗಿಯನ್ನು.

ಕರಿಕೋಟು
ನಾನು ಕಲಬುರಗಿ ಪೀಠದಲ್ಲಿ ವಕೀಲ. ಆಳಂದ ಅಣ್ಣ, ಶಹಾಪುರ ಟೀಚರ್, ಇಬ್ಬರೂ ಹೇಳಿದ್ದು ಖರೆ. ಫರಕು ಇರುವುದು ಆದೇಶದ ಕೊನೆಯ ಪ್ಯಾರಾದಲ್ಲಿ. ತಂಗಿ, ಆ ಪ್ಯಾರಾ ಇಲ್ಲಿ ಬರೆಯಿರಿ. ನಂಬರು, ಹೆಸರು ಬೇಡ. "ಕಾಯಂ ಮಾಡಿ" ಎಂದಿದೆಯೋ, "ಪರಿಗಣಿಸಿ" ಎಂದಿದೆಯೋ?

ಇನ್ನೊಂದು. ಆದೇಶದ ಸರ್ಟಿಫೈಡ್ ಕಾಪಿ ಕಚೇರಿಗೆ ಕೊಟ್ಟಿದ್ದು ಯಾವತ್ತು? ಸ್ವೀಕೃತಿ ಇದೆಯಾ?

ಜೇವರ್ಗಿ ಮಗಳು
ಸರ್, ಆದೇಶ ಇಂಗ್ಲಿಷ್‌ನಲ್ಲಿದೆ. ನನಗೆ ತಿಳಿದಷ್ಟು ಬರೆಯುತ್ತೇನೆ. "ಅರ್ಜಿದಾರರ ಮನವಿಯನ್ನು ಉಮಾದೇವಿ ಪ್ರಕರಣದ ತೀರ್ಪಿನ ಬೆಳಕಿನಲ್ಲಿ ಪರಿಗಣಿಸಿ, ಈ ಆದೇಶದ ಪ್ರತಿ ಸಿಕ್ಕ ದಿನದಿಂದ ಮೂರು ತಿಂಗಳೊಳಗೆ ಕಾನೂನು ಪ್ರಕಾರ ತೀರ್ಮಾನಿಸಬೇಕು."

ಅಯ್ಯೋ, ಪರಿಗಣಿಸಿ ಅಂತಲೇ ಇದೆ. ನಾವು ಕಾಯಂ ಮಾಡಿ ಎಂದೇ ತಿಳಿದಿದ್ದೆವು.

ಕಾಪಿ ಅಪ್ಪನೇ ಕೈಯಾರೆ ಕೊಟ್ಟಿದ್ದರು. ಸ್ವೀಕೃತಿ ಇದೆಯಾ ಎಂದು ಕೇಳಿ ಹೇಳುತ್ತೇನೆ.

ಸೂಪರ್ ಮಾರ್ಕೆಟ್ ಶಿವು
ಒಂದು ಪದಕ್ಕೆ ಇಷ್ಟು ಫರಕಾ?

ಕರಿಕೋಟು
ಹೌದು, ಒಂದೇ ಪದಕ್ಕೆ. ನಿಂದನೆ ಕೇಳುವ ಪೀಠ ಮೂಲ ಆದೇಶದ ಗೆರೆ ದಾಟುವುದಿಲ್ಲ. ಆದೇಶದಲ್ಲಿ ಇಲ್ಲದ್ದನ್ನು ನಿಂದನೆ ಅರ್ಜಿಯಲ್ಲಿ ಕೊಡಲು ಬರುವುದಿಲ್ಲ. "ಪರಿಗಣಿಸಿ" ಎಂದರೆ ಅವರ ಮೇಲಿರುವ ಹೊಣೆ ಪರಿಗಣಿಸಿ ಒಂದು ಆದೇಶ ಹೊರಡಿಸುವುದು ಮಾತ್ರ. ಆ ಆದೇಶ ತಪ್ಪೇ ಇರಲಿ, ಅದು ಹೊರಬಿದ್ದರೆ ನಿಂದನೆ ಮುಗಿಯಿತು. ತಪ್ಪು ಎನ್ನಲು ಹೊಸ ರಿಟ್ ಹಾಕಬೇಕು. ಜೆ. ಎಸ್. ಪರಿಹಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1996ರಲ್ಲೇ ಹೀಗೆ ಹೇಳಿದೆ. ಇವತ್ತಿಗೂ ಸರ್ಕಾರಿ ವಕೀಲರು ಅದನ್ನೇ ಓದುತ್ತಾರೆ.

ಟೀಚರ್ ಅವರ ಆದೇಶದಲ್ಲಿ "ಕೊಡಿ" ಎಂದಿತ್ತು. ಅದಕ್ಕೇ ರೊಕ್ಕ ಬಂತು.

ಸುರಪುರದಿಂದ
ಹಾಗಾದರೆ ನ್ಯಾಯಮೂರ್ತಿಗಳು "ಪರಿಗಣಿಸಿ" ಎಂದು ಯಾಕೆ ಬರೆಯಬೇಕು? 33 ವರ್ಷ ದುಡಿದವರಿಗೆ ಕಾಯಂ ಮಾಡಿ ಎಂದು ನೇರ ಬರೆದರೆ ಏನಾಗುತ್ತದೆ? ಬಡವರು ಮನೆ ಮಾರಿ ಕೋರ್ಟಿಗೆ ಬರುವುದು "ಪರಿಗಣಿಸಿ" ಎಂದು ಕೇಳಲಿಕ್ಕಾ?

ಕರಿಕೋಟು
ಸಿಟ್ಟು ಸರಿಯೇ. ಆದರೆ ಕಾರಣವೂ ಇದೆ. ಉಮಾದೇವಿ ತೀರ್ಪು ನಮ್ಮ ಕರ್ನಾಟಕದ್ದೇ ಕೇಸು. 2006ರ ಏಪ್ರಿಲ್ 10ರಂದು ಸಂವಿಧಾನ ಪೀಠ ಕೊಟ್ಟಿದ್ದು. ದಿನಗೂಲಿ, ಗುತ್ತಿಗೆಯವರನ್ನು ಕೋರ್ಟುಗಳು ಸುಮ್ನೆ ಕಾಯಂ ಮಾಡಬಾರದು ಎಂದು ಅದು ಹೇಳಿತು. ಅದರಲ್ಲೇ ಒಂದು ವಿನಾಯಿತಿ ಇಟ್ಟಿತು. ಮಂಜೂರಾದ ಖಾಲಿ ಹುದ್ದೆಯಲ್ಲಿ, ಅರ್ಹತೆ ಇದ್ದು, ಕೋರ್ಟಿನ ತಡೆಯಾಜ್ಞೆಯ ಬಲವಿಲ್ಲದೆ 10 ವರ್ಷ ಮುಗಿಸಿದವರನ್ನು ಒಂದು ಸಲಕ್ಕೆ ಎಂದು ಕಾಯಂ ಮಾಡಿ ಎಂದಿತು. ಇವರ ತಂದೆ 1992ರಲ್ಲಿ ಸೇರಿದ್ದಾರೆ. 2006ಕ್ಕೆ 14 ವರ್ಷ ಆಗಿತ್ತು. ಆದರೆ ಹುದ್ದೆ ಮಂಜೂರಾಗಿತ್ತಾ, ದಾಖಲೆ ಇದೆಯಾ ಎಂಬುದನ್ನು ಇಲಾಖೆ ನೋಡಲಿ ಎಂದು ಪೀಠ ಬಿಡುತ್ತದೆ. ಅದಕ್ಕೇ "ಪರಿಗಣಿಸಿ".

ಸುರಪುರದಿಂದ
ಇಲಾಖೆಯನ್ನೇ ಕೇಳಿದರೆ ಇಲಾಖೆ ಹೂಂ ಅನ್ನುತ್ತದಾ? 14 ವರ್ಷ ಸುಮ್ಮನಿದ್ದವರು ಅವರೇ ಅಲ್ವಾ?

ಭಾಲ್ಕಿ ರೈತ
ನಮ್ಮದೂ ಕೇಳಿ. ನೀರಾವರಿ ಯೋಜನೆಗೆ ಹೊಲ ಹೋಯಿತು. ಪರಿಹಾರ ಹೆಚ್ಚಿಸಿ ಸಿವಿಲ್ ಕೋರ್ಟ್ ತೀರ್ಪು ಕೊಟ್ಟಿದೆ. ರೊಕ್ಕ ಬರುತ್ತಿಲ್ಲ. ನಾವೂ ಕಂಟೆಂಪ್ಟ್ ಹಾಕಬಹುದಾ? ಇಲ್ಲಿ ಬೀದರ್ ಕಡೆ ಕಾರಂಜಾ ಅಣೆಕಟ್ಟಿಗೆ ಹೊಲ ಕಳೆದುಕೊಂಡ ಸಂತ್ರಸ್ತರು ಧರಣಿ ಕೂತು ಕೂತು ಮುದುಕರಾಗಿದ್ದಾರೆ.

ಕರಿಕೋಟು
ಕಾಕಾ, ನಿಮ್ಮದಕ್ಕೆ ಕಂಟೆಂಪ್ಟ್ ಅಲ್ಲ. ರೊಕ್ಕ ಕೊಡಿ ಎಂಬ ಸಿವಿಲ್ ಕೋರ್ಟ್ ತೀರ್ಪಿಗೆ ದಾರಿ ಅಮಲ್ಜಾರಿ ಅರ್ಜಿ, ಅಂದರೆ ತೀರ್ಪು ಜಾರಿ ಮಾಡಿಸಿ ಎಂಬ ಅರ್ಜಿ. ಅದೇ ಕೋರ್ಟಿನಲ್ಲಿ ಹಾಕಿ. ಕೊಡದಿದ್ದರೆ ಕಚೇರಿಯ ಸಾಮಾನು ಜಪ್ತಿ ಮಾಡಲು ಕೋರ್ಟ್ ವಾರಂಟ್ ಕೊಡುತ್ತದೆ. ನಿಮ್ಮ ವಕೀಲರು ಅಮಲ್ಜಾರಿ ಹಾಕಿದ್ದಾರಾ ಎಂದು ಮೊದಲು ಕೇಳಿ.

ಬಿದ್ರಿ ಕೆಲಸ
ಜಪ್ತಿ ಕಣ್ಣಾರೆ ನೋಡಿದ್ದೇನೆ. ಕೋರ್ಟಿನ ಅಮೀನರು ಬಂದು ಒಂದು ಕಚೇರಿಯ ಕುರ್ಚಿ, ಕಂಪ್ಯೂಟರ್, ಜೀಪ್ ಎಲ್ಲ ಪಟ್ಟಿ ಮಾಡಿದರು. ಸಾಹೇಬರು ಫೋನ್ ಹಿಡಿದು ಓಡಾಡಿದರು. ಸಂಜೆಯೊಳಗೆ ಒಂದಿಷ್ಟು ಚೆಕ್ ಬಂತು. ಆ ಮುದುಕ ರೈತ ಚೆಕ್ ಹಿಡಿದು ಅಲ್ಲೇ ಮೆಟ್ಟಿಲ ಮೇಲೆ ಕೂತು ಅತ್ತ. ನಮಗೂ ಕಣ್ಣಲ್ಲಿ ನೀರು ಬಂತು.

ಭಾಲ್ಕಿ ರೈತ
ಕೇಳುತ್ತೇನೆ ಸಾಹೇಬರೇ. ನಮಗೆ ಇದನ್ನು ಯಾರೂ ಹೇಳಿರಲಿಲ್ಲ.

ಜೇವರ್ಗಿ ಮಗಳು
ಅಪ್ಪನನ್ನು ಕೇಳಿದೆ. ಟ್ರಂಕಿನಲ್ಲಿ ಕಾಗದ ಸಿಕ್ಕಿತು. ಕಾಪಿ ಕೊಟ್ಟಿದ್ದು ಹೋದ ವರ್ಷ ಜೂನ್ 10. ನಮ್ಮ ಪ್ರತಿಯ ಮೇಲೆ ಟಪಾಲು ವಿಭಾಗದ ಸೀಲು, ತಾರೀಖು, ಸಹಿ ಇದೆ. ಅಪ್ಪ ಓದಿದ್ದು ನಾಲ್ಕನೇ ಕ್ಲಾಸು. ಆದರೂ ಸೀಲು ಹಾಕಿಸದೆ ಬಂದಿಲ್ಲ.

ಕರಿಕೋಟು
ನಿಮ್ಮ ತಂದೆಗೆ ನನ್ನ ನಮಸ್ಕಾರ ಹೇಳಿ. ಎಷ್ಟೋ ಓದಿದವರು ಇದನ್ನು ಮಾಡುವುದಿಲ್ಲ.

ಈಗ ಲೆಕ್ಕ ಕೇಳಿ, ಇದು ತುಂಬಾ ಮುಖ್ಯ. ಜೂನ್ 10ಕ್ಕೆ ಕಾಪಿ ಸಿಕ್ಕಿತು. ಮೂರು ತಿಂಗಳು ಎಂದರೆ ಸೆಪ್ಟೆಂಬರ್ 10. ಆವತ್ತಿನಿಂದ ಅವರು ಆದೇಶ ಮೀರಿದಂತೆ. ನ್ಯಾಯಾಂಗ ನಿಂದನೆ ಕಾಯ್ದೆ 1971ರ 20ನೇ ಕಲಂ ಪ್ರಕಾರ ಅಲ್ಲಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಅಂದರೆ ಈ ಸೆಪ್ಟೆಂಬರ್. ನಿಮ್ಮ ಕೈಯಲ್ಲಿರುವುದು ಎರಡು ತಿಂಗಳೂ ಪೂರ್ತಿ ಇಲ್ಲ. ಕೊನೆಯ ವಾರದ ತನಕ ಕಾಯಬೇಡಿ. "ಇವತ್ತು ನಾಳೆ ಆಗುತ್ತದೆ" ಎಂಬ ಮಾತು ಕೇಳುತ್ತಾ ಕೂತು ಆ ಒಂದು ವರ್ಷ ಕಳೆದುಕೊಂಡವರನ್ನು ನಾನು ಬಹಳ ನೋಡಿದ್ದೇನೆ. ತಿಂಗಳು ತಿಂಗಳು ಮನವಿ ಕೊಟ್ಟರೆ ಗಡುವು ಮುಂದೆ ಹೋಗುತ್ತದೆ ಎಂದು ಕೆಲವರು ತಿಳಿದಿದ್ದಾರೆ. ಹೋಗುವುದಿಲ್ಲ.

ಆಳಂದ ಅಣ್ಣ
ಆದರೆ ವಕೀಲ್ ಸಾಹೇಬರೇ, ಕೊನೆಗೆ ಸಿಗುವುದು ತಿರಸ್ಕಾರದ ಹಿಂಬರಹ ಎಂದರೆ ಖರ್ಚು ಮಾಡಿ ಏನು ಲಾಭ? ಒಂದು ಕಾಗದಕ್ಕೆ ಅಷ್ಟು ರೊಕ್ಕವಾ?

ಕರಿಕೋಟು
ಆ ಕಾಗದವೇ ಬೇಕು. ಈಗ ಇವರ ಕೈಯಲ್ಲಿ ಹೂಂ ಇಲ್ಲ, ಉಹೂಂ ಇಲ್ಲ. ಪ್ರಶ್ನೆ ಮಾಡುವುದು ಯಾವುದನ್ನು? ತಿರಸ್ಕರಿಸಿದರೆ ಕಾರಣ ಬರೆಯಬೇಕು. ಆ ಕಾರಣ ತಪ್ಪಿದ್ದರೆ ಎರಡನೇ ರಿಟ್‌ನಲ್ಲಿ "ಪರಿಗಣಿಸಿ" ಎಂದಲ್ಲ, "ಕಾಯಂ ಮಾಡಿ" ಎಂದು ಕೇಳಬಹುದು. ಅಪ್ಪ ನಿವೃತ್ತರಾಗುವ ಮೊದಲು ಅಲ್ಲಿಗೆ ಮುಟ್ಟಬೇಕು.

ಆಳಂದ ಅಣ್ಣ
ಇದು ಒಪ್ಪಿದೆ. ನಮ್ಮ ಮಾವನಿಗೆ ಯಾರೂ ಹೀಗೆ ಬಿಡಿಸಿ ಹೇಳಲಿಲ್ಲ. ಅವರು ಹಿಂಬರಹ ನೋಡಿಯೇ ಕುಸಿದು ಹೋದರು. ಎರಡನೇ ರಿಟ್ ಹಾಕಲು ಒಂದು ವರ್ಷ ತಡ ಮಾಡಿದರು.

ನಿವೃತ್ತ ಗುಮಾಸ್ತ
ನಾನು ಸರ್ಕಾರಿ ಕಚೇರಿಯಲ್ಲಿ ಪ್ರಥಮ ದರ್ಜೆ ಸಹಾಯಕನಾಗಿ ನಿವೃತ್ತನಾದವನು. ಕೋರ್ಟ್ ಕೇಸುಗಳ ಟೇಬಲ್ ಆರು ವರ್ಷ ನನ್ನದೇ ಇತ್ತು. ಒಳಗೆ ಏನಾಗುತ್ತದೆ ಎಂದು ಹೇಳುತ್ತೇನೆ, ನಿಮಗೆ ಉಪಯೋಗ ಆಗಬಹುದು.

ಆದೇಶ ಟಪಾಲಿನಲ್ಲಿ ಬರುತ್ತದೆ. ವಿಷಯ ನಿರ್ವಾಹಕ ಕಡತದಲ್ಲಿ ಹಾಕಿ ಟಿಪ್ಪಣಿ ಬರೆಯುತ್ತಾನೆ. ಜಿಲ್ಲಾ ಅಧಿಕಾರಿಗೆ ಕಾಯಂ ಮಾಡುವ ಅಧಿಕಾರವೇ ಇಲ್ಲ. ಕಡತ ಬೆಂಗಳೂರಿನ ಕೇಂದ್ರ ಕಚೇರಿಗೆ, ಅಲ್ಲಿಂದ ಸಚಿವಾಲಯಕ್ಕೆ ಹೋಗುತ್ತದೆ. ಸಚಿವಾಲಯದವರು ಮೇಲ್ಮನವಿ ಹಾಕಬೇಕಾ ಎಂದು ಕಾನೂನು ಇಲಾಖೆಯನ್ನು ಕೇಳುತ್ತಾರೆ. ಹಾಕುವುದು ಬೇಡ ಎಂದರೆ ರೊಕ್ಕದ ಹೊರೆ ಎಷ್ಟು ಎಂದು ಆರ್ಥಿಕ ಇಲಾಖೆ ಕೇಳುತ್ತದೆ. ಆರ್ಥಿಕ ಇಲಾಖೆ ಕೇಳಿದ ಪ್ರಶ್ನೆಗೆ ಉತ್ತರ ಮತ್ತೆ ಜಿಲ್ಲೆಯಿಂದ ಹೋಗಬೇಕು. ಜಿಲ್ಲೆಯಲ್ಲಿ 1992ರ ಮಸ್ಟರ್ ರೋಲ್, ಅಂದರೆ ಕೂಲಿಯವರ ಹಾಜರಿ ಪಟ್ಟಿ ಹುಡುಕಬೇಕು. ಹುಡುಕುವವನು ಅಷ್ಟೊತ್ತಿಗೆ ವರ್ಗ ಆಗಿರುತ್ತಾನೆ.

ಯಾರೂ "ಕೊಡುವುದಿಲ್ಲ" ಎಂದು ಬರೆಯುವುದಿಲ್ಲ. ಯಾರೂ "ಕೊಡಿ" ಎಂದೂ ಬರೆಯುವುದಿಲ್ಲ. ಕೊಡಿ ಎಂದು ಬರೆದವನ ಮೇಲೆ ನಾಳೆ ಆಡಿಟ್ ಬರುತ್ತದೆ ಎಂಬ ಹೆದರಿಕೆ. ಬರೆಯದೆ ಕೂತವನ ಮೇಲೆ ಏನೂ ಬರುವುದಿಲ್ಲ.

ನಿಂದನೆ ನೋಟಿಸು ಬಂದರೆ ಮಾತ್ರ ಕಡತದ ಮೇಲೆ "ನ್ಯಾಯಾಂಗ ನಿಂದನೆ, ಅತಿ ತುರ್ತು" ಎಂದು ಬರೆಯುತ್ತೇವೆ. ಆಗ ಒಬ್ಬ ನೌಕರ ಕಡತ ಕೈಯಲ್ಲೇ ಹಿಡಿದು ರೈಲು ಹತ್ತುತ್ತಾನೆ. ನಾನೇ ಎಷ್ಟೋ ಸಲ ಹಾಗೆ ಹೋಗಿದ್ದೇನೆ. ಎರಡು ವರ್ಷ ಆಗದ ಕೆಲಸ ಎರಡು ವಾರದಲ್ಲಿ ಆಗುತ್ತದೆ.

ಸುರಪುರದಿಂದ
ನಿಮಗೆ ಇದೆಲ್ಲ ಗೊತ್ತಿತ್ತು. ಆರು ವರ್ಷ ಆ ಟೇಬಲ್‌ನಲ್ಲಿ ಕೂತಿದ್ದಿರಿ. ನೀವೇನು ಮಾಡಿದಿರಿ? ಬಡವರ ಫೈಲು ಮೇಲೆ ತೆಗೆದು ಇಟ್ಟಿರಾ?

ನಿವೃತ್ತ ಗುಮಾಸ್ತ
ಕೇಳುವ ಹಕ್ಕು ನಿಮಗಿದೆ. ಕೆಲವು ಸಲ ಮಾಡಿದೆ. ಗಡುವು ಮುಗಿಯುವ ಮೊದಲೇ ನೆನಪೋಲೆ ಬರೆದು ಸಾಹೇಬರ ಮುಂದೆ ಇಟ್ಟಿದ್ದೇನೆ. ಕೆಲವು ಸಲ ಮಾಡಲಿಲ್ಲ. ಒಂದು ಟೇಬಲ್‌ಗೆ ನೂರಾರು ಕಡತ ಇದ್ದವು, ಖಾಲಿ ಹುದ್ದೆ ತುಂಬಿರಲಿಲ್ಲ. ಅದು ಕಾರಣ, ಸಮರ್ಥನೆ ಅಲ್ಲ. ಒಬ್ಬ ವಾಚ್‌ಮನ್‌ನ ಆದೇಶ ಅವನು ತೀರಿಕೊಂಡ ಮೇಲೆ ಜಾರಿಯಾಯಿತು. ಅವನ ಹೆಂಡತಿ ಬಂದು ಸಹಿ ಮಾಡಿದಳು. ಆ ಕಡತ ನನ್ನ ಕೈಯಿಂದಲೇ ಹೋಗಿತ್ತು. ಅದನ್ನು ಮರೆತಿಲ್ಲ. ಇಲ್ಲಿ ಬರೆಯುತ್ತಿರುವುದೂ ಅದಕ್ಕೇ.

ಸುರಪುರದಿಂದ
ಸರಿ ಹಿರಿಯರೇ. ಸಿಟ್ಟಿನಲ್ಲಿ ಕೇಳಿದೆ. ಬರೆದಿದ್ದು ಒಳ್ಳೆಯದಾಯಿತು.

ಸೂಪರ್ ಮಾರ್ಕೆಟ್ ಶಿವು
ಒಬ್ಬರಾದರೂ ಐಎಎಸ್ ಅಧಿಕಾರಿ ಜೈಲಿಗೆ ಹೋಗಿದ್ದಾರಾ ಹೇಳಿ. ಎಲ್ಲ ಬರೀ ಮಾತು. ಕೊನೆಗೆ ಕ್ಷಮೆ ಕೇಳುತ್ತಾರೆ, ಮನೆಗೆ ಹೋಗುತ್ತಾರೆ.

ಬಿದ್ರಿ ಕೆಲಸ
ಹೋಗಿದ್ದಾರೆ. ನಮ್ಮ ರಾಜ್ಯದವರೇ. 1995ರಲ್ಲಿ ಜೆ. ವಾಸುದೇವನ್ ಎಂಬ ಐಎಎಸ್ ಅಧಿಕಾರಿಗೆ ಹೈಕೋರ್ಟ್ ಒಂದು ತಿಂಗಳು ಜೈಲು ಕೊಟ್ಟಿತ್ತು.

ಕರಿಕೋಟು
ಹೈಕೋರ್ಟ್ ಅಲ್ಲ, ಸುಪ್ರೀಂ ಕೋರ್ಟ್. ಉಳಿದದ್ದು ಸರಿ. ಅವರು ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಯಾಗಿದ್ದರು. ಬೆಂಗಳೂರು ಪಾಲಿಕೆಯ ಎಂಜಿನಿಯರ್ ಒಬ್ಬರ ಬಡ್ತಿಯ ಆದೇಶ ಪಾಲಿಸಲಿಲ್ಲ ಎಂಬುದು ಕೇಸು. 2006ರಲ್ಲಿ ಮಹಾರಾಷ್ಟ್ರದ ಸಚಿವ ಸ್ವರೂಪಸಿಂಗ್ ನಾಯಕ್ ಅವರಿಗೂ ಸುಪ್ರೀಂ ಕೋರ್ಟ್ ಒಂದು ತಿಂಗಳು ಕೊಟ್ಟಿತು. ಅರಣ್ಯ ಸಚಿವರಾಗಿದ್ದಾಗ ಕೋರ್ಟ್ ಆದೇಶ ಮೀರಿ ಮರದ ಮಿಲ್‌ಗಳಿಗೆ ಅನುಮತಿ ಕೊಟ್ಟರು ಎಂದು.

ಆದರೆ ಇವು ಅಪರೂಪ ಶಿವು. ಕಾಯ್ದೆಯ ಪ್ರಕಾರ ಜಾಸ್ತಿ ಎಂದರೆ ಆರು ತಿಂಗಳು ಸಾದಾ ಸಜೆ, 2000 ರೂಪಾಯಿ ದಂಡ. ಮನಸಾರೆ ಕ್ಷಮೆ ಕೇಳಿದರೆ ಕೋರ್ಟ್ ಬಿಡಬಹುದು. ಮೀರಿದ್ದು ಬೇಕೆಂದೇ ಎಂದು ತೋರಿಸಬೇಕು. "ಸರ್ಕಾರದ ಮಂಜೂರಾತಿ ಬಂದಿಲ್ಲ" ಎಂದು ಜಿಲ್ಲಾ ಅಧಿಕಾರಿ ಹೇಳಿದರೆ ಅದನ್ನೂ ಪೀಠ ಕೇಳುತ್ತದೆ.

ತೊಗರಿ ಹೊಲ
1971ರಲ್ಲಿ 2000 ರೂಪಾಯಿ ದೊಡ್ಡದು. ಇವತ್ತಿಗೂ ಅದೇ 2000 ಎಂದರೆ ಯಾರು ಹೆದರುತ್ತಾರೆ? ಒಂದು ಕ್ವಿಂಟಲ್ ತೊಗರಿಯ ಬೆಲೆಯೂ ಅಲ್ಲ. ಇದನ್ನು ಪಾರ್ಲಿಮೆಂಟಿನಲ್ಲಿ ಯಾರೂ ಕೇಳುವುದಿಲ್ಲವಾ?

ಶಹಾಪುರ ಟೀಚರ್
ದಂಡಕ್ಕೆ ಅಲ್ಲ ಅವರು ಹೆದರುವುದು. ಹೆಸರಿಗೆ. ಕಂಟೆಂಪ್ಟ್‌ನಲ್ಲಿ ಹುದ್ದೆಯ ಹೆಸರಷ್ಟೇ ಇರುವುದಿಲ್ಲ, ಕೂತಿರುವವರ ಹೆಸರೇ ಇರುತ್ತದೆ. ರಿಟ್‌ನಲ್ಲಿ ಬರೀ "ಉಪನಿರ್ದೇಶಕರು" ಎಂದಿತ್ತು, ಯಾರಿಗೂ ಬಿಸಿ ತಟ್ಟಲಿಲ್ಲ. ಹೆಸರು ಬಂದ ಕೂಡಲೇ ಅವರೇ ನನಗೆ ಫೋನ್ ಮಾಡಿದರು. "ಮೇಡಂ, ಬಂದು ಹೋಗಿ" ಎಂದರು. ಒಂಬತ್ತು ತಿಂಗಳು ನನ್ನನ್ನು ಬಾಗಿಲ ಹೊರಗೆ ನಿಲ್ಲಿಸಿದ್ದ ಕಚೇರಿ ಅದು. ಕುರ್ಚಿ ಕೊಟ್ಟರು.

ಗುರುಮಠಕಲ್ ಹುಡುಗ
ಆದರೆ ಈಗ ಅಧಿಕಾರಿಗಳನ್ನು ಕರೆಸಬಾರದು ಎಂದು ಸುಪ್ರೀಂ ಕೋರ್ಟ್ ನಿಷೇಧ ಮಾಡಿದೆಯಲ್ಲ? 2024ರಲ್ಲಿ ಬಂತು. ಇನ್ನು ಕಂಟೆಂಪ್ಟ್‌ಗೆ ಅರ್ಥವೇ ಇಲ್ಲ.

ಕರಿಕೋಟು
ನಿಷೇಧ ಅಲ್ಲ. 2024ರ ಜನವರಿ 3ರ ತೀರ್ಪು ಅದು. ನಿವೃತ್ತ ನ್ಯಾಯಮೂರ್ತಿಗಳ ಸೌಲಭ್ಯದ ವಿಷಯದಲ್ಲಿ ಅಲಹಾಬಾದ್ ಹೈಕೋರ್ಟ್ ಉತ್ತರ ಪ್ರದೇಶದ ಅಧಿಕಾರಿಗಳನ್ನು ಕಸ್ಟಡಿಗೆ ತೆಗೆದುಕೊಂಡಿತ್ತು. ಅದರ ಮೇಲೆ ಸುಪ್ರೀಂ ಕೋರ್ಟ್ ಕೆಲವು ನಿಯಮ ಹಾಕಿತು. ಮಾತು ಮಾತಿಗೆ ಖುದ್ದು ಹಾಜರಾಗಿ ಎನ್ನಬೇಡಿ. ಬೇಕಾದರೆ ಮೊದಲು ವಿಡಿಯೋದಲ್ಲಿ ಕರೆಸಿ. ಅವರ ಬಟ್ಟೆ, ಓದಿನ ಬಗ್ಗೆ ಮಾತಾಡಬೇಡಿ. ನಿಂದನೆಯಲ್ಲೂ ಎಚ್ಚರಿಕೆ ಇರಲಿ. ಇಷ್ಟು. ಆದೇಶ ಪಾಲಿಸಬೇಕಾಗಿಲ್ಲ ಎಂದು ಎಲ್ಲೂ ಹೇಳಿಲ್ಲ. ಹೈಕೋರ್ಟಿನ ನಿಂದನೆ ಅಧಿಕಾರ ಸಂವಿಧಾನದ 215ನೇ ವಿಧಿಯಿಂದ ಬಂದದ್ದು. ಅದು ಹಾಗೇ ಇದೆ.

ನಾನು ಆ ತೀರ್ಪನ್ನು ಒಪ್ಪುತ್ತೇನೆ ಕೂಡ. ಜಿಲ್ಲಾಧಿಕಾರಿ ಒಂದು ಇಡೀ ದಿನ ಕೋರ್ಟ್ ಹಾಲ್‌ನಲ್ಲಿ ಕೂತರೆ ಆವತ್ತು ಅವರಿಗಾಗಿ ಕಾದ ಜನರ ಗತಿ ಏನು? ಅವರೂ ನಮ್ಮವರೇ ಅಲ್ವಾ?

ತೊಗರಿ ಹೊಲ
ನಾನು ಒಪ್ಪುವುದಿಲ್ಲ. ನಾವು ಇಡೀ ವರ್ಷ ಅವರ ಕಚೇರಿ ಮುಂದೆ ನಿಲ್ಲುತ್ತೇವೆ. ಅವರು ಒಂದು ದಿನ ನಿಂತರೆ ಏನು? ಕೋರ್ಟಿನ ಗೌರವ, ಅಧಿಕಾರಿಯ ಗೌರವ ಎಲ್ಲ ಮಾತಾಡುತ್ತೀರಿ. ಹೊಟ್ಟೆ ನಮ್ಮದು.

ಕರಿಕೋಟು
ನಿಮ್ಮ ಮಾತಿಗೆ ನನ್ನಲ್ಲಿ ಪೂರ್ತಿ ಉತ್ತರ ಇಲ್ಲ. ಕಾನೂನಿನಲ್ಲಿ ನಿಂದನೆ ಎಂಬುದು ಕೋರ್ಟ್ ಮತ್ತು ಮೀರಿದವರ ನಡುವಿನ ವಿಷಯ. ಅರ್ಜಿದಾರ ತಿಳಿಸುವವನು ಮಾತ್ರ. ನಮ್ಮ ಜನಕ್ಕೆ ಅದು ಒಪ್ಪಿಗೆ ಆಗುವುದು ಕಷ್ಟ.

ಅಫಜಲಪುರ ಅಜ್ಜ
ಈಗ ಕಲಬುರಗಿಯಲ್ಲೇ ಪೀಠ ಇದೆ, ಪುಣ್ಯ. ನಮ್ಮ ಕಾಲದಲ್ಲಿ ಬೆಂಗಳೂರು. ಸಂಜೆ ಉದ್ಯಾನ್ ಎಕ್ಸ್‌ಪ್ರೆಸ್ ಹತ್ತುವುದು. ಬುತ್ತಿಯಲ್ಲಿ ಖಡಕ್ ರೊಟ್ಟಿ, ಶೇಂಗಾ ಹಿಂಡಿ. ಬೆಳಿಗ್ಗೆ ಇಳಿದು ಸ್ಟೇಷನ್‌ನಲ್ಲೇ ಮುಖ ತೊಳೆದು ಕೋರ್ಟಿಗೆ. "ಮುಂದಿನ ತಾರೀಖು" ಎಂದರೆ ಮತ್ತೆ ರಾತ್ರಿ ರೈಲು. ನನ್ನ ಒಂದು ಹೊಲದ ಕೇಸಿಗೆ ಹನ್ನೊಂದು ಸಲ ಹೋಗಿದ್ದೇನೆ. 2007ರಲ್ಲಿ ಪೀಠ ಬಂದಾಗ ಪಟಾಕಿ ಹೊಡೆದೆವು.

ಬಿದ್ರಿ ಕೆಲಸ
ಅಜ್ಜಾ, 2008ರ ಜುಲೈ. ಆಗ ಸಂಚಾರಿ ಪೀಠ. 2013ರ ಆಗಸ್ಟ್‌ನಲ್ಲಿ ಕಾಯಂ ಪೀಠ ಆಯಿತು. ಬೀದರ್, ಯಾದಗಿರಿ, ರಾಯಚೂರು, ವಿಜಯಪುರ ಎಲ್ಲ ಇದರ ಕೆಳಗೆ.

ಅಫಜಲಪುರ ಅಜ್ಜ
ಹೌದಪ್ಪಾ, 2008. ಪಟಾಕಿ ಹೊಡೆದಿದ್ದು ಮಾತ್ರ ಖರೆ.

ಗುರುಮಠಕಲ್ ಹುಡುಗ
ಬೆಂಗಳೂರಿನ ಕಚೇರಿಗೆ ಫೋನ್ ಮಾಡಿದರೆ ನಮ್ಮ ಭಾಷೆ ಕೇಳಿಯೇ ಅರ್ಧ ಜನ ಫೋನ್ ಇಡುತ್ತಾರೆ. ಇನ್ನು ಏಪ್ರಿಲ್, ಮೇ ತಿಂಗಳು ನಮ್ಮ ಕಡೆ ಕಚೇರಿ ಬೆಳಿಗ್ಗೆ 8ರಿಂದ 1:30. ಬೆಂಗಳೂರಿನವರು ಊಟ ಮಾಡಿ ಫೋನ್ ಮಾಡುವಾಗ ಇಲ್ಲಿ ಬೀಗ. ಎರಡು ತಿಂಗಳು ಯಾವ ಫೈಲೂ ಹೋಗುವುದಿಲ್ಲ.

ತೊಗರಿ ಹೊಲ
ಆ ಬಿಸಿಲಿಗೆ ಮಧ್ಯಾಹ್ನ ಯಾರು ಕೂರುತ್ತಾರೆ? ಸಮಯ ಬದಲಿಸಿದ್ದು ಸರಿಯೇ ಇದೆ. ಅದನ್ನು ಬೈಯಬೇಡಿ. ನೌಕರರೂ ಮನುಷ್ಯರೇ.

ಗುರುಮಠಕಲ್ ಹುಡುಗ
ಬಿಸಿಲು ನನಗೂ ಗೊತ್ತು ಅಣ್ಣಾ. ನಮ್ಮ ಭಾಗಕ್ಕೆ ವಿಶೇಷ ಸ್ಥಾನಮಾನ ಕೊಡುವ ಸಂವಿಧಾನದ 371(ಜೆ) ವಿಧಿ ಬಂದು ಇಷ್ಟು ವರ್ಷ ಆದರೂ ಸಹಿ ಮಾಡುವ ಅಧಿಕಾರ ಮಾತ್ರ ಇಲ್ಲಿಗೆ ಬಂದಿಲ್ಲ ಎನ್ನುವುದು ನನ್ನ ನೋವು.

ನಿರ್ವಾಹಕ
371(ಜೆ)ಗೆ ಬೇರೆ ಚರ್ಚೆ ತೆರೆಯಿರಿ, ಅದು ದೊಡ್ಡ ವಿಷಯ. ಇಲ್ಲಿ ಈ ಹುಡುಗಿಯ ಪ್ರಶ್ನೆಗೆ ಬನ್ನಿ.

ಜೇವರ್ಗಿ ಮಗಳು
ಎಲ್ಲರದ್ದೂ ಓದುತ್ತಿದ್ದೇನೆ. ಅಪ್ಪನಿಗೂ ಓದಿ ಹೇಳಿದೆ. ಅವರ ಹೆದರಿಕೆ ಬೇರೆ. "ಸಾಹೇಬರ ಹೆಸರು ಹಾಕಿ ಕೇಸ್ ಹಾಕಿದರೆ ನಾಳೆಯಿಂದ ಬರಬೇಡ ಎನ್ನುತ್ತಾರೆ" ಅಂತಾರೆ. 33 ವರ್ಷ ಒಂದೇ ಪಂಪ್‌ಹೌಸ್. ಮೋಟಾರು ಕೆಟ್ಟರೆ ಸದ್ದಿನಲ್ಲೇ ಹೇಳುತ್ತಾರೆ ಏನಾಗಿದೆ ಎಂದು. ಅಲ್ಲಿಂದ ಹೊರಗೆ ಹಾಕಿದರೆ ಅವರು ತಡೆಯುವುದಿಲ್ಲ. ಮತ್ತೆ ಖರ್ಚು. ರಿಟ್‌ಗೇ ಅವ್ವನ ಸರ ಅಡವಿದೆ.

ಶಹಾಪುರ ಟೀಚರ್
ಅಪ್ಪನ ಹೆದರಿಕೆ ಸುಳ್ಳಲ್ಲಮ್ಮ. ನನಗೂ ಸ್ವಲ್ಪ ದಿನ ಮುಖ ಕೊಟ್ಟು ಮಾತಾಡಲಿಲ್ಲ. ಆದರೆ ಕೇಸ್ ನಡೆಯುವಾಗ ಕೆಲಸದಿಂದ ತೆಗೆಯಲು ಅವರೂ ಹಿಂಜರಿಯುತ್ತಾರೆ. ಅದನ್ನೂ ಪೀಠದ ಮುಂದೆ ಹೇಳಬಹುದಲ್ಲ.

ಕರಿಕೋಟು
ಸರಿಯಾಗಿ ಹೇಳಿದಿರಿ. ಖರ್ಚಿನ ಬಗ್ಗೆ: ಕಲಬುರಗಿ ಪೀಠದಲ್ಲೇ ಹೈಕೋರ್ಟ್ ಕಾನೂನು ಸೇವಾ ಸಮಿತಿ ಇದೆ. ಅರ್ಹರಿಗೆ ವಕೀಲರನ್ನು ಪುಕ್ಕಟೆ ಕೊಡುತ್ತದೆ. ಪರಿಶಿಷ್ಟ ಜಾತಿ, ಪಂಗಡದವರು, ಮಹಿಳೆಯರಿಗೆ ಆದಾಯದ ಮಿತಿ ಇಲ್ಲ. ಉಳಿದವರಿಗೆ ಆದಾಯ ನೋಡುತ್ತಾರೆ, ದಿನಗೂಲಿಯವರು ಬಹುಪಾಲು ಒಳಗೇ ಬರುತ್ತಾರೆ. 15100ಕ್ಕೆ ಫೋನ್ ಮಾಡಿ ಕೇಳಿ.

ನೇರ ಅರ್ಜಿ ಹಾಕುವ ಮೊದಲು ವಕೀಲರಿಂದ ಒಂದು ಲೀಗಲ್ ನೋಟಿಸ್ ಕಳಿಸಿ. ಸ್ಪೀಡ್ ಪೋಸ್ಟ್‌ನಲ್ಲಿ, ಆದೇಶದ ಪ್ರತಿ ಜೊತೆಗೆ. ಈಗ ಆ ಕುರ್ಚಿಯಲ್ಲಿ ಯಾರಿದ್ದಾರೆ ಎಂದು ಹೆಸರು ಖಚಿತ ಮಾಡಿಕೊಳ್ಳಿ. ಹೋದ ವರ್ಷ ಇದ್ದವರು ವರ್ಗ ಆಗಿರಬಹುದು. ಹದಿನೈದು ದಿನ ಕೊಡಿ. ಉತ್ತರ ಬರದಿದ್ದರೆ ಆಗಸ್ಟ್ ಮೊದಲ ವಾರದಲ್ಲೇ ಅರ್ಜಿ. ಸಿವಿಲ್ ನಿಂದನೆಯ ಈ ಅರ್ಜಿಗೆ ನಮ್ಮಲ್ಲಿ ಸಿಸಿಸಿ ಎನ್ನುತ್ತೇವೆ. ಇಬ್ಬರು ನ್ಯಾಯಮೂರ್ತಿಗಳ ಪೀಠದ ಮುಂದೆ ಬರುತ್ತದೆ.

ಮತ್ತೆ ಒಂದು ಎಚ್ಚರಿಕೆ. ನೋಟಿಸು ಹೋದ ಮೇಲೆ ಸರ್ಕಾರ ಎದ್ದು ಕೂತು ಮೇಲ್ಮನವಿ ಹಾಕುವುದುಂಟು. ರಿಟ್ ಮೇಲ್ಮನವಿಗೆ 30 ದಿನ ಗಡುವು, ಆದರೂ ತಡವನ್ನು ಮನ್ನಿಸಿ ಎಂದು ಕೇಳುತ್ತಾರೆ. "ಅಪೀಲು ಹಾಕಿದ್ದೇವೆ, ಇನ್ನು ಪಾಲಿಸಬೇಕಾಗಿಲ್ಲ" ಎಂದು ಕಚೇರಿಯವರು ಹೇಳಿದರೆ ನಂಬಬೇಡಿ. ಅಪೀಲು ಹಾಕಿದ್ದು ತಡೆಯಾಜ್ಞೆ ಅಲ್ಲ. ತಡೆಯಾಜ್ಞೆ ಸಿಕ್ಕಿದೆಯಾ ಎಂದು ಮಾತ್ರ ಕೇಳಿ. ನಿಮ್ಮನ್ನು ಕೇಳದೆ ತಡೆ ಕೊಡದಂತೆ ಕೇವಿಯಟ್ ಹಾಕಿಡಿ. ಅದು 90 ದಿನ ನಡೆಯುತ್ತದೆ.

ನಿಮ್ಮ ಕಾಗದ ನಾನು ಕಣ್ಣಲ್ಲಿ ನೋಡಿಲ್ಲ. ಹಾಗಾಗಿ ನಿಮ್ಮ ವಕೀಲರ ಮಾತೇ ಕೊನೆ.

ನಿವೃತ್ತ ಗುಮಾಸ್ತ
ನನ್ನದೊಂದು ಸೇರಿಸುತ್ತೇನೆ. ಇವತ್ತೇ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ, 10 ರೂಪಾಯಿ ಅಷ್ಟೇ. ಆದೇಶದ ಮೇಲೆ ತೆಗೆದುಕೊಂಡ ಕ್ರಮದ ಟಿಪ್ಪಣಿ ಹಾಳೆಗಳ ನಕಲು ಕೇಳಿ. 1992ರಿಂದ 2006ರವರೆಗಿನ ನಿಮ್ಮ ತಂದೆಯ ಎನ್ಎಂಆರ್ (ಮಸ್ಟರ್ ರೋಲ್) ನಕಲು ಕೇಳಿ. ಮಂಜೂರಾದ ಪಂಪ್ ಆಪರೇಟರ್ ಹುದ್ದೆ ಎಷ್ಟು, ಖಾಲಿ ಎಷ್ಟು ಎಂದೂ ಕೇಳಿ. ಎರಡನೇ ರಿಟ್ ಹಾಕಬೇಕಾಗಿ ಬಂದರೆ ನಿಮ್ಮ ಕೈಯಲ್ಲಿ ಇರಬೇಕಾದ್ದು ಇವೇ. "ದಾಖಲೆ ಲಭ್ಯವಿಲ್ಲ" ಎಂದು ಬರೆದುಕೊಟ್ಟರೆ ಅದನ್ನೂ ಜೋಪಾನ ಮಾಡಿ.

ಅಫಜಲಪುರ ಅಜ್ಜ
ಮಗಾ, ಹೆದರಬೇಡ. ಅಪ್ಪನಿಗೂ ಹೇಳು.

ಜೇವರ್ಗಿ ಮಗಳು
ಹದಿನೆಂಟು ದಿನ ಆದ ಮೇಲೆ ಬರೆಯುತ್ತಿದ್ದೇನೆ, ತಡ ಆಯಿತು. ಕಾನೂನು ಸೇವಾ ಸಮಿತಿಯಿಂದ ವಕೀಲರು ಸಿಕ್ಕರು. ಹೆಣ್ಣುಮಗಳು, ತುಂಬಾ ತಾಳ್ಮೆಯಿಂದ ಕೇಳಿದರು. ನೋಟಿಸು ಹೋಗಿದೆ. ಹೊಸ ಸಾಹೇಬರ ಹೆಸರಿಗೆ. ಕೇವಿಯಟ್ ಹಾಕಿದ್ದಾರೆ. ಮಾಹಿತಿ ಹಕ್ಕಿನ ಅರ್ಜಿಯೂ ಕೊಟ್ಟೆ.

ನಿನ್ನೆ ಕಚೇರಿಯಿಂದ ಅಪ್ಪನಿಗೆ ಫೋನ್ ಬಂತು. ಮೊದಲ ಸಲ ಅವರಾಗಿ ಮಾಡಿದ್ದು. 1992ರ ಹಾಜರಿ ಕಾಗದ ನಿಮ್ಮ ಹತ್ತಿರ ಇದ್ದರೆ ತಂದು ಕೊಡಿ, ಬೆಂಗಳೂರಿಗೆ ವರದಿ ಕಳಿಸಬೇಕು ಎಂದರಂತೆ. ಅಪ್ಪನ ಹತ್ತಿರ ಆಗಿನ ಕೂಲಿ ಚೀಟಿ, ಎಂಜಿನಿಯರ್ ಸಹಿ ಇರುವ ಮೂರು ಪತ್ರ ಇವೆ. ನಾಳೆ ಕೊಡಲು ಹೊರಟಿದ್ದಾರೆ.

ನಿವೃತ್ತ ಗುಮಾಸ್ತ
ಮೂಲ ಕೊಡಬೇಡಿ! ಝೆರಾಕ್ಸ್ ಮಾತ್ರ ಕೊಡಿ. ಜೊತೆಗೆ ಒಂದು ಕವರಿಂಗ್ ಲೆಟರ್ ಬರೆದು, ಯಾವ ಯಾವ ಕಾಗದ, ಎಷ್ಟು ಹಾಳೆ ಎಂದು ನಮೂದಿಸಿ. ಟಪಾಲಿನಲ್ಲಿ ಸೀಲು ಹಾಕಿಸಿ.

ಕರಿಕೋಟು
ವರದಿ ಕಳಿಸುತ್ತೇವೆ ಎಂದರು ಎಂದು ಅರ್ಜಿ ನಿಲ್ಲಿಸಬೇಡಿ. ಸೆಪ್ಟೆಂಬರ್ 10 ಮರೆಯಬೇಡಿ.

ಜೇವರ್ಗಿ ಮಗಳು
ಇಲ್ಲ ಸರ್, ಮರೆಯುವುದಿಲ್ಲ. ಗೋಡೆಯ ಕ್ಯಾಲೆಂಡರ್ ಮೇಲೆ ಅವ್ವ ಕುಂಕುಮದಲ್ಲಿ ಗುರುತು ಮಾಡಿದ್ದಾಳೆ. ಅಪ್ಪ ಈಗಷ್ಟೇ ಝೆರಾಕ್ಸ್ ಅಂಗಡಿಗೆ ಹೋದರು.